ಓಡಿದವರ ಮನೆ

"ಕೃಷ್ಣನೂ ಓಡಿದ, ಒಪ್ಪಿದೆ. ಆದರೆ ಓಡಿಹೋಗಿ ಅವನು ದ್ವಾರಕೆಯನ್ನು ಕಟ್ಟಿದ. ನೀನು ಓಡಿಹೋಗಿ ಏನನ್ನು ಕಟ್ಟಿದೆಯಯ್ಯಾ?"

ಇಷ್ಟು ಹೇಳಿ ಪುರಂದರ ಹೆಗಲ ಶಾಲನ್ನು ಸರಿಪಡಿಸಿಕೊಂಡು ಮೈಕಿನಿಂದ ಹಿಂದೆ ಸರಿದ. ಕುವೈತಿನ ಮಹಬೂಲಾದ ಆ ಕಟ್ಟಡದ ನೆಲಮಾಳಿಗೆಯಲ್ಲಿ ತುಂಬಿದ್ದ ಜನ ಹೋ ಎಂದು ನಕ್ಕರು. ಅರ್ಥ ಹೇಳಲು ಅವನೆದುರು ಕೂತಿದ್ದ ಶ್ಯಾಮಸುಂದರ ಮಾತ್ರ ನಗಲಿಲ್ಲ. ಜರಾಸಂಧನ ಕಾಟ ತಾಳದೆ ಸಾಕ್ಷಾತ್ ಕೃಷ್ಣನೇ ಮಥುರೆ ಬಿಟ್ಟು ಓಡಲಿಲ್ಲವೇ ಎಂಬುದು ಅವನು ವಾರದಿಂದ ಮಸೆದಿಟ್ಟುಕೊಂಡ ಒಂದೇ ಒಂದು ಬಾಣ. ಅದನ್ನು ಈ ಪುಣ್ಯಾತ್ಮ ಎರಡೇ ಮಾತಿನಲ್ಲಿ ಮುರಿದು ಕೈಗೆ ಕೊಟ್ಟಿದ್ದ.

ತಾಳಮದ್ದಳೆ ಎಂದರೆ ಹಾಗೆಯೇ. ವೇಷವಿಲ್ಲ, ಕುಣಿತವಿಲ್ಲ. ಭಾಗವತರು ಪದ ಹೇಳುತ್ತಾರೆ, ಅರ್ಥಧಾರಿಗಳು ಎದುರುಬದುರು ಕೂತು ಆ ಕ್ಷಣಕ್ಕೆ ಹೊಳೆದ ಮಾತಿನಲ್ಲೇ ಕಾದಾಡುತ್ತಾರೆ. ಬರೆದು ತಂದು ಓದುವ ಹಾಗಿಲ್ಲ. ಎದುರಾಳಿಯ ಮನೆ ಮಠದ ಸಂಗತಿಯನ್ನೂ ಎಳೆದು ತಂದು ಚುಚ್ಚಬಹುದು; ಚುಚ್ಚಿಸಿಕೊಂಡವನು ಮಾತಿನಲ್ಲೇ ತೀರಿಸಬೇಕು, ಆಮೇಲೆ ಇಬ್ಬರೂ ಒಟ್ಟಿಗೆ ಚಾ ಕುಡಿಯಬೇಕು. ಚೆಂಡೆಯ ಪೆಟ್ಟು ಕೇಳಿ ಕಟ್ಟಡ ಕಾಯುವ ಈಜಿಪ್ಟಿನವನು ಎರಡು ಸಲ ಇಣುಕಿ ಹೋಗಿದ್ದ. ಕೈಗೊಂದು ಪ್ಲೇಟು ಗೋಳಿಬಜೆ ಕೊಟ್ಟ ಮೇಲೆ ಅವನೂ ಕಾಲು ಮಡಚಿ ಕೂತುಬಿಟ್ಟ.

ಪ್ರಸಂಗ ಸುಳ್ಯದ ಕಡೆಯದು. ಸಾವಿರದ ಎಂಟುನೂರ ಮೂವತ್ತೇಳರಲ್ಲಿ ರೈತರೆಲ್ಲ ಕತ್ತಿ ಕೋವಿ ಹಿಡಿದು ಕಂಪನಿಯ ಮೇಲೆ ದಂಡೆತ್ತಿ ಹೋದರು. ತೆರಿಗೆ ಬೇಡ, ಉಪ್ಪು ಹೊಗೆಸೊಪ್ಪಿನ ಸುಂಕ ಬೇಡ ಎಂದು ಸಾರುತ್ತ ಮಂಗಳೂರನ್ನೇ ಹಿಡಿದು ಬಾವುಟ ಏರಿಸಿದರು. ಹತ್ತು ಹನ್ನೆರಡು ದಿನ ಊರು ಅವರದಾಯಿತು. ಆಮೇಲೆ ಕಡಲಿನಿಂದ ಕಂಪನಿಯ ಸೈನ್ಯ ಬಂದಿಳಿಯಿತು, ದಂಡು ಚದುರಿತು. ಪುರಂದರನ ಮನೆತನದ ಹಿರಿಯನೊಬ್ಬ ಸಿಕ್ಕಿಬಿದ್ದು ಗಲ್ಲಿಗೇರಿದ. ಪಕ್ಕದ ಗದ್ದೆಯಾಚೆಯ ಶ್ಯಾಮಸುಂದರನ ಹಿರಿಯ ಪಾಣೆಮಂಗಳೂರಿನ ಕಡವಿನಲ್ಲಿ ಹೊಳೆ ಹಾರಿ ಓಡಿಬಂದ. ಅಂದಿನಿಂದ ಇವರ ಮನೆಗೆ ಊರು ಇಟ್ಟ ಹೆಸರು 'ಓಡಿದವರ ಮನೆ'. ಊಟದ ಪಂಕ್ತಿಯಿಂದ ಬೇಗ ಎದ್ದರೂ ಸೈ, ಕಬಡ್ಡಿಯಲ್ಲಿ ಸೋತರೂ ಸೈ, ಓಡುವ ಚಾಳಿ ಎಲ್ಲಿ ಹೋದೀತು ಎಂದು ಯಾರಾದರೂ ಅನ್ನುವವರೇ.

ಕುವೈತಿನ ಮೂವತ್ತು ವರ್ಷ ಮುಗಿಸಿ ಶ್ಯಾಮಸುಂದರ ಬರುವ ವಾರ ಆ ಊರಿಗೇ ಖಾಯಂ ಹೊರಡುವವನಿದ್ದ. ಅದಕ್ಕೇ, ಯಾರೂ ಬೇಡವೆಂದು ಬಿಟ್ಟ ಓಡುವ ಸೈನಿಕನ ಪಾತ್ರವನ್ನು ತಾನಾಗಿ ಕೇಳಿ ಪಡೆದಿದ್ದ. ಹಿಂದೆ ಸ್ಟ್ಯಾಂಡಿನ ಮೇಲೆ ಕ್ಯಾಮರಾ ಇತ್ತು. ಇಲ್ಲಿ ಆಡಿದ ಮಾತು ನಾಳೆ ಸಂಜೆಯೊಳಗೆ ಊರಿನ ಮೊಬೈಲುಗಳಲ್ಲಿ ಇರುತ್ತದೆ, ತನಗಿಂತ ಮೊದಲೇ ಮನೆ ತಲುಪುತ್ತದೆ. ಹಿರಿಯನ ಪರವಾಗಿ ಒಂದು ಒಳ್ಳೆಯ ಮಾತು ಆಡಿ ಹೋಗಬೇಕೆಂಬುದು ಅವನ ಆಸೆ. ಈಗ ನೋಡಿದರೆ ಆ ಹೆಸರಿಗೆ ತಾನೇ ಕೈಯಾರೆ ಸುಣ್ಣ ಬಳಿದು ಹೊಸತು ಮಾಡುವ ಹಾಗೆ ಕಾಣುತ್ತಿತ್ತು.

ಪುರಂದರ ಬಿಡಲಿಲ್ಲ. ದಂಡಿನ ನಾಯಕನ ಪಾತ್ರದ ಗತ್ತಿನಲ್ಲಿ ಇನ್ನೊಮ್ಮೆ ಮೈಕಿಗೆ ಬಾಗಿದ. "ನಿನ್ನ ಮನೆಯ ಹೆಸರೇನೆಂದು ಊರಿನಲ್ಲಿ ಕೇಳಿ ಬಂದಿದ್ದೇನೆ. ಹೇಳಲೋ, ಅಥವಾ ನೀನೇ ಹೇಳುವೆಯೋ?"

ಸುಳ್ಯದ ಕಡೆಯವರೆಲ್ಲ ಚಪ್ಪಾಳೆ ತಟ್ಟಿದರು. ಎರಡನೆಯ ಸಾಲಿನಲ್ಲಿ ಕೂತಿದ್ದ ಶ್ಯಾಮಸುಂದರನ ಹೆಂಡತಿ ಆಶಾಲತಾ ಸೆರಗಿನ ತುದಿ ನೋಡತೊಡಗಿದಳು. ಅವಳ ತಗ್ಗಿದ ತಲೆ ಶ್ಯಾಮಸುಂದರನ ಕಣ್ಣಿಗೆ ಬಿತ್ತು. ಶ್ಲೋಕ, ಪುರಾಣ ಯಾವುದೂ ಬಾಯಿಗೆ ಬರಲಿಲ್ಲ. ಆದರೂ ಮೈಕು ಎಳೆದುಕೊಂಡ.

"ಏನು ಕಟ್ಟಿದೆ ಎಂದು ಕೇಳುತ್ತೀರಿ, ನಾಯಕರೇ. ಕಟ್ಟುವ ಮಾತು ಆಮೇಲೆ. ಮೊದಲು ಬಿಟ್ಟು ಬರುವ ಕಷ್ಟ ಕೇಳಿ. ಬಾಗಿಲಿಗೆ ಬೀಗ ಹಾಕಿದೆ. ಹಾಕಿ ಪ್ರಯೋಜನವಿಲ್ಲವೆಂದು ಗೊತ್ತಿತ್ತು, ಆದರೂ ಹಾಕಿದೆ. ಕೈಯಲ್ಲಿ ಹಿಡಿಯುವಷ್ಟು ಮಾತ್ರ ತೆಗೆದುಕೋ ಎಂದು ಹೆಂಡತಿಗೆ ಹೇಳಿದೆ. ಅವಳು ಕುಕ್ಕರ್ ತೆಗೆದುಕೊಂಡಳು."

ಹೇಳಿದ ಮೇಲೆ ಅವನಿಗೇ ಗೊತ್ತಾಯಿತು. ಕಂಪನಿ ಕಾಲದ ಸೈನಿಕನ ಕೈಗೆ ಕುಕ್ಕರ್! ತಾಳಮದ್ದಳೆಯಲ್ಲಿ ಇದಕ್ಕಿಂತ ದೊಡ್ಡ ಎಡವಟ್ಟಿಲ್ಲ. ಎಳೆಯರು ಕಿಸಕ್ಕೆಂದರು. ಆದರೆ ಮುಂದಿನ ಸಾಲುಗಳಲ್ಲಿದ್ದ ನರೆತ ತಲೆಗಳು ಯಾವುವೂ ನಗಲಿಲ್ಲ. ಜಹ್ರಾದಲ್ಲಿ ಅಂಗಡಿ ಇಟ್ಟಿದ್ದ ಅಹ್ಮದ್ ಕುಂಞಿ ಕೈಯಲ್ಲಿದ್ದ ಚಾ ಲೋಟವನ್ನು ಮೆಲ್ಲನೆ ಕೆಳಗಿಟ್ಟರು. ತೊಂಬತ್ತರ ಆಗಸ್ಟಿನಲ್ಲಿ ಇರಾಕಿನ ಸೈನ್ಯ ಕುವೈತಿಗೆ ನುಗ್ಗಿದಾಗ ಅವರೆಲ್ಲರೂ ಓಡಿದವರೇ.

ಎಡವಿದವನು ಎದ್ದು ನಿಲ್ಲುವ ಬದಲು ಶ್ಯಾಮಸುಂದರ ಅದೇ ದಾರಿಯಲ್ಲಿ ನಡೆದ. ಅಹ್ಮದ್ ಕುಂಞಿಯವರ ವ್ಯಾನಿನಲ್ಲಿ ಮೀನಿನ ಬುಟ್ಟಿಯ ಹಾಗೆ ಒತ್ತಿಕೊಂಡು ಹೊರಟದ್ದು, ಬಾಗ್ದಾದು ದಾಟಿ ಜೋರ್ಡಾನಿನ ಗಡಿಯಲ್ಲಿ ಡೇರೆಯಲ್ಲಿ ಬಿದ್ದುಕೊಂಡದ್ದು, ನೀರಿನ ಲಾರಿಗೆ ಸಾಲು ನಿಂತದ್ದು, ಕುಕ್ಕರಿನ ಸೀಟಿ ಮರಳಿನಲ್ಲಿ ಕಳೆದುಹೋದದ್ದು, ಅದರ ಬಾಯಿಗೆ ತಟ್ಟೆ ಮುಚ್ಚಿ ರಟ್ಟು ಉರಿಸಿ ಗಂಜಿ ಬೇಯಿಸಿದ್ದು ಎಲ್ಲ ಹೇಳಿದ. ಹಾಗೆ ಹೇಳುತ್ತ ಹೋದಂತೆ ಅವನಿಗೆ ಆ ದಿನಗಳ ಮೇಲೆ ಪ್ರೀತಿಯೇ ಉಕ್ಕಿ ಬಂತು. ಎಷ್ಟು ಜನ ಒಂದೇ ಡೇರೆಯಲ್ಲಿ! ಮುಸಲ್ಮಾನ ಬ್ಯಾರಿ ಯಾರು, ಬಂಟ ಯಾರು, ಕ್ರೈಸ್ತ ಪೊರ್ಬು ಯಾರು ಎಂದು ಯಾರೂ ಕೇಳಿರಲಿಲ್ಲ.

"ಮರುವರ್ಷ ಯುದ್ಧ ಮುಗಿದ ಕೂಡಲೆ ತಿರುಗಿ ಬಂದೆ, ನಾಯಕರೇ. ಎಣ್ಣೆಬಾವಿ ಉರಿದು ಹಗಲೇ ಕತ್ತಲಾಗಿತ್ತು. ಬೀಗ ಹಾಗೇ ಇತ್ತು, ಬಾಗಿಲು ಮಾತ್ರ ಇರಲಿಲ್ಲ. ಶುವೈಖಿನ ಗೋದಾಮಿನಲ್ಲಿ ಮೊದಲ ದಿನ ನಾನು ಹಿಡಿದದ್ದು ಪೊರಕೆ. ಇದೇ ನಾನು ಕಟ್ಟಿದ ದ್ವಾರಕೆ." ಮತ್ತೆ ಹೇಳಿದ: "ಗಲ್ಲಿಗೇರಿದವರು ದೊಡ್ಡವರು, ಅವರ ಪಾದಕ್ಕೆ ನಮಸ್ಕಾರ. ಆದರೆ ಆ ಮಳೆಗಾಲಕ್ಕೆ ನಿಮ್ಮ ಗದ್ದೆ ಉತ್ತವರು ಯಾರು? ನಿಮ್ಮ ಮಕ್ಕಳಿಗೆ ಗಂಜಿ ಹೊಯ್ದವರು ಯಾರು? ಓಡಿದವರ ಮನೆಯವರು. ಓಡಿ, ತಿರುಗಿ ಬಂದವರು."

ಇನ್ನು ಪುರಂದರನ ಸರದಿ. ಕಾಲ ಮರೆತ ಎದುರಾಳಿಯನ್ನು ಅವನು ಒಂದೇ ಮಾತಿನಲ್ಲಿ ಕೆಡವಬಹುದಿತ್ತು. ಕುಕ್ಕರಿಗೆ ಗ್ಯಾಸು ಯಾವ ಕಂಪನಿಯದು ಎಂದರೆ ಸಾಕು, ಸಭೆ ಬಿದ್ದು ಬಿದ್ದು ನಗುತ್ತಿತ್ತು. ಶ್ಯಾಮಸುಂದರ ಅದಕ್ಕೆ ಕಾದು ಕೂತ.

ಪುರಂದರ ಶಾಲನ್ನು ಹೆಗಲಿನಿಂದ ತೆಗೆದು ತೊಡೆಯ ಮೇಲಿಟ್ಟುಕೊಂಡ. ಭಾಗವತರು ಜಾಗಟೆ ಎತ್ತಿ ಅವನ ಮುಖ ನೋಡಿದರು.

"ಡೇರೆಯಲ್ಲಿ ಆ ಗಂಜಿಯನ್ನು ನಾನೂ ಉಂಡಿದ್ದೇನೆ," ಎಂದ ನಾಯಕನ ದನಿಯಲ್ಲೇ. "ಉಪ್ಪೊಂದು ಕಡಿಮೆಯಿತ್ತು."

ಆಗ ನಕ್ಕರು, ನರೆತ ತಲೆಯವರೆಲ್ಲ, ಕಣ್ಣು ಒರೆಸಿಕೊಂಡು ನಕ್ಕರು. ಭಾಗವತರು ಇನ್ನು ಪದ ಬೇಡವೆಂದು ಮಂಗಳ ಹಾಡಿದರು.

ಶ್ಯಾಮಸುಂದರನ ಮನೆಯಲ್ಲಿ ಸಾಮಾನು ಕಟ್ಟುವ ಗಡಿಬಿಡಿ ಅರ್ಧದಲ್ಲಿತ್ತು. ಊರಿಗೆ ಒಯ್ಯುವುದು ಒಳಕೋಣೆಯಲ್ಲಿ, ಪಕ್ಕದ ಮನೆಯ ಮೊಲ್ಲಿಗೆ ಕೊಡುವುದು ಬಾಗಿಲ ಬಳಿ. ತಳ ಕಪ್ಪಾದ ಹಳೇ ಕುಕ್ಕರ್ ಬಾಗಿಲ ಬಳಿಯ ರಾಶಿಯಲ್ಲಿತ್ತು. ಆಶಾಲತಾ ಚಪ್ಪಲಿ ಬಿಟ್ಟವಳೇ ಅದನ್ನು ಎತ್ತಿಕೊಂಡು ಅಡುಗೆಮನೆಗೆ ಹೋದಳು. ಗಂಡನ ಹಿಂದೆಯೇ ಬಂದ ಪುರಂದರ ಹೊಸ್ತಿಲಲ್ಲಿ ನಿಂತು, "ಊಟಕ್ಕೆ ಎಂಥ ಉಂಟು ಆಶಕ್ಕ?" ಎಂದ.

"ಗಂಜಿ. ಕೂತುಕೊಳ್ಳಿ, ಹೊತ್ತಾಗ್ತದೆ. ಸೀಟಿ ಇಲ್ವಲ್ಲ," ಎಂದಳು ಅವಳು ಒಳಗಿನಿಂದಲೇ.

ಗಂಡಸರಿಬ್ಬರೂ ಊಟಕ್ಕೆ ಕೂತರು. ಬಿಸಿ ಗಂಜಿ ಬಂತು, ಒಣಮೀನಿನ ಚಟ್ನಿ ಬಂತು. ಆಶಾಲತಾ ಉಪ್ಪಿನ ಡಬ್ಬಿಯ ಮುಚ್ಚಳ ತೆಗೆದು ಪುರಂದರನ ಬಟ್ಟಲಿನ ಪಕ್ಕಕ್ಕೆ ಇಟ್ಟಳು. ಅವನು ಅದನ್ನು ಮುಟ್ಟದೆ ಗಂಜಿ ಉಣ್ಣುತ್ತಿದ್ದ.