ಅತ್ತೆ ಕರೆದ ನೆರೆಯವರು, ನಾನು ಬರೆದ ನಾಟಕ

೧
ಎಲ್ಲಿಂದ ಶುರು ಮಾಡಲಿ? ಮಗು ಹುಟ್ಟಿದ ಯುದ್ಧಕಾಲದಿಂದಲೋ, ಟೀವಿ ಹಚ್ಚಿದ ಆ ಭಾನುವಾರದ ಸಂಜೆಯಿಂದಲೋ? ಯುದ್ಧದಿಂದ ಹೊರಟು ಮೂರು ಪುಟ ಹರಿದುಹಾಕಿದ್ದೇನೆ. ನೇರ ಹೇಳಿಬಿಡುತ್ತೇನೆ.

ನನ್ನ ಅತ್ತೆ, ಅಪ್ಪನ ತಂಗಿ ಓದ್ನಿ, ನಾರ್ವೆಯ ಓಲೆಸುಂದ್ ಎಂಬ ಊರಿನಲ್ಲಿ ಶಾಲಾ ಶಿಕ್ಷಕಿ. ಜರ್ಮನ್ನರು ನಾರ್ವೆಯನ್ನು ಹಿಡಿದಿದ್ದಾಗ, ಹದಿನೆಂಟರ ವಯಸ್ಸಿನಲ್ಲಿ, ಅವರ ಸೈನಿಕನೊಬ್ಬನಿಂದ ಬಸಿರಾದಳು. ಊರ ಬಾಯಿಗೆ ಹೆದರಿ, ಹುಟ್ಟಿದ ಹೆಣ್ಣುಮಗುವನ್ನು ಅಜ್ಜಿ ತಾನೇ ಹೆತ್ತದ್ದೆಂದು ಸಾಕಿದಳು. ಹೀಗೆ ಆ ಮಗು, ತೂರಿಡ್, ತನ್ನ ತಾಯಿಯನ್ನು 'ಅಕ್ಕ' ಎನ್ನುತ್ತಲೇ ಮೂವತ್ತಾರು ದಾಟಿದಳು. ಅಪ್ಪ ಸಾಯುವ ಮುನ್ನ ಇದನ್ನು ನನಗೆ ಹೇಳಿದ. ನಾನು ನಾಟಕ ಬರೆದೆ. (ಹೆಸರು, ಊರು ಬದಲಿಸಿದ್ದೆ. ಕದ್ದ ಸೈಕಲ್ಲಿಗೆ ಕಳ್ಳನೂ ಬಣ್ಣ ಬಳಿಯುತ್ತಾನೆ.)

೨
ಇಷ್ಟು ಬರೆಯುವಷ್ಟರಲ್ಲಿ ಅತ್ತೆಯ ಫೋನು.

"ಮತ್ತೆ ನನ್ನನ್ನೇ ಬರೀತಿದ್ದೀಯೇನೋ?"

"ಹೂಂ ಅತ್ತೆ."

"ಬರಿ. ಅವತ್ತು ಕಿಟಕಿ ಪರದೆ ಒಗೆದು ಇಸ್ತ್ರಿ ಮಾಡಿದ್ದೆ, ಕೇಕೂ ನಾನೇ ಮಾಡಿದ್ದೆ ಅನ್ನೋದು ಮರೀಬೇಡ."

ಮಾಡಿದ್ದಳು.

೩
ರಂಗಮಂದಿರದಲ್ಲಿ ನಾಟಕ ಒಂದು ತಿಂಗಳು ನಡೆದರೂ ಅತ್ತೆ ಹೋಗಲಿಲ್ಲ. ಏನು ಕಥೆಯೆಂದು ನಾನೂ ಹೇಳಲಿಲ್ಲ. ಅದು ಟೀವಿಯಲ್ಲಿ ಬರುವ ಸಂಜೆ ಮಾತ್ರ, ಅಣ್ಣನ ಮಗನ ಹೆಮ್ಮೆಗೆಂದು, ನೆರೆಯವರನ್ನೆಲ್ಲ ಕರೆದಳು. ತೂರಿಡಳೂ ನಾನೂ ಅವರ ನಡುವೆ ಕೂತಿದ್ದೆವು.

ಎರಡನೇ ಅಂಕ. ನಟಿ ಮಗುವನ್ನೆತ್ತಿಕೊಂಡು ಕನ್ನಡಿಯ ಮುಂದೆ "ಇವಳು ನನ್ನ ತಂಗಿ" ಎಂದು ಅಭ್ಯಾಸ ಮಾಡುತ್ತಾಳೆ. ಆಮೇಲೆ ಅದರ ಕಿವಿಯ ಹಿಂದಿನ ಕೆಂಪು ಮಚ್ಚೆಗೆ ಮುತ್ತಿಡುತ್ತಾಳೆ. ಆ ಮಚ್ಚೆ ತೂರಿಡಳದು. ತೆಗೆಯಲು ಮರೆತಿದ್ದೆ. (ಮರೆತೆ ಎನ್ನುವುದೂ ಒಂದು ಕರಡೇ.)

ತೂರಿಡಳ ಕೈ ಕಿವಿಗೆ ಹೋಯಿತು.

"ಎಂಥಾ ಮನೆತನವಪ್ಪ," ಎಂದರು ಪಕ್ಕದ ಮನೆಯ ಹೌಗೆನ್ ಅಮ್ಮ. "ನಮ್ಮ ಬೀದೀಲಂತೂ ಇಂಥವರಿಲ್ಲ."

"ಸಕ್ಕರೆ ಎಷ್ಟು ಹಾಕ್ಲಿ?" ಎಂದಳು ಅತ್ತೆ.

ತೂರಿಡ್ ಎದ್ದು ಅಡುಗೆಮನೆಗೆ ಹೋದಳು. ಹಿಂದೆಯೇ ಅತ್ತೆ. ನಾನು ಬಾಗಿಲಲ್ಲಿ ನಿಂತೆ.

"ಅಕ್ಕಾ, ಆ ಮಗು ನಾನಾ?"

೪
(ಕರಡು ಒಂದು: ಅತ್ತೆ ಅವಳನ್ನು ತಬ್ಬಿಕೊಂಡು ಅಳುತ್ತಾಳೆ. ಟೀವಿ ನಿರ್ಮಾಪಕರಿಗೆ ಹಿಡಿಸುತ್ತಿತ್ತು. ಕರಡು ಎರಡು: ಅಲ್ಲ ಎನ್ನುತ್ತಾಳೆ, ತೂರಿಡ್ ನಂಬುತ್ತಾಳೆ. ಇದು ನನಗೆ ಅನುಕೂಲ. ಎರಡೂ ಆಗಲಿಲ್ಲ.)

"ಹೊರಗೆ ಜನ ಇದ್ದಾರೆ," ಎಂದಳು ಅತ್ತೆ. "ಕೇಕಿನ ತಟ್ಟೆ ತಗೊಂಡು ಬಾ."

"ಮೂವತ್ತಾರು ವರ್ಷದಿಂದ್ಲೂ ಹೊರಗೆ ಜನ ಇದ್ದಾರೆ."

ಆದರೂ ತೂರಿಡ್ ತಟ್ಟೆ ಎತ್ತಿಕೊಂಡಳು. ನಡುಮನೆಗೆ ಬಂದು ಹೌಗೆನ್ ಅಮ್ಮನ ಮುಂದೆ ಹಿಡಿದಳು.

"ತಗೊಳ್ಳಿ. ನಮ್ಮಮ್ಮ ಮಾಡಿದ್ದು."

"ನಿಮ್ಮಮ್ಮ ತೀರ್ಕೊಂಡು ಹತ್ತು ವರ್ಷ ಆಯ್ತಲ್ಲೇ," ಎಂದು ಅವರು ನಕ್ಕರು.

ತೂರಿಡ್ ನಗಲಿಲ್ಲ. ಅತ್ತೆಯ ಕಡೆ ನೋಡಿದಳು. ಎಲ್ಲರೂ ನೋಡಿದರು. ಅತ್ತೆ ಕಾಫಿ ಪಾತ್ರೆಯನ್ನು ಕೆಳಗಿಟ್ಟು ಬಾಯಿ ತೆರೆದಳು.

ನಾನು ಕೋಟು ಎತ್ತಿಕೊಂಡು ಬೀದಿಗಿಳಿದೆ. ಓದುಗರೇ, ಅವಳು ಏನೆಂದಳೋ ನನಗೆ ಗೊತ್ತಿಲ್ಲ. ಕೇಳಿಸಿಕೊಂಡಿದ್ದರೆ ಬರೆದುಬಿಡುತ್ತಿದ್ದೆ, ಅದಕ್ಕೇ ಹೊರಗೆ ಬಂದದ್ದು.