ಆಮೆ ಹೊಲಿದ ಸಂಜೆ

ನಾನು ಒಂದು ಹೊಲಿಗೆ ಯಂತ್ರ. ರವಿಕೆಗೆ ಗುಂಡಿಮನೆ ಮಾಡುವ, ಸೀರೆಗೆ ಫಾಲು ಹಚ್ಚುವ ನಾಜೂಕಿನ ಯಂತ್ರ ಎಂದುಕೊಳ್ಳಬೇಡಿ. ಪಂಜಾಬಿನ ಒಂದು ಕಾರ್ಖಾನೆಯಲ್ಲಿ ಕಾದ ಕಬ್ಬಿಣ ಅಚ್ಚಿಗೆ ಬಿದ್ದು ನನಗೆ ಮೈ ಬಂತು. ದಪ್ಪ ಸೂಜಿ, ಅಗಲವಾದ ತೋಳು, ಭಾರದ ಗಾಲಿ ಕೊಟ್ಟರು. ಕರಿಯ ಬಣ್ಣ ಬಳಿದು, ಹೊಟ್ಟೆಯ ಮೇಲೆ ಬಂಗಾರದ ಬಳ್ಳಿಯೊಂದನ್ನು ಬರೆದರು. ಒಣಹುಲ್ಲು ತುಂಬಿದ ಪೆಟ್ಟಿಗೆಯಲ್ಲಿ ಮಲಗಿ, ರೈಲು ಹತ್ತಿ ಹುಬ್ಬಳ್ಳಿಗೆ ಬಂದೆ.

ನನ್ನ ಮೊದಲ ಯಜಮಾನರು ಗಣಪತರಾವ್ ಪತಂಗೆ. ಲಾರಿಗಳಿಗೆ ತಾಡಪಾಲು ಹೊಲಿಯುವುದು ಅವರ ಕಸುಬು. ಹೆಚ್ಚು ಮಾತಿನ ಮನುಷ್ಯರಲ್ಲ. ದಿನವಿಡೀ ನನ್ನ ಕಾಲುಮಣೆ ತುಳಿಯುತ್ತಿದ್ದರು, ಸಂಜೆ ಎಣ್ಣೆ ಬಿಟ್ಟು, ಬಟ್ಟೆ ಮುಚ್ಚಿ, ದೀಪ ಆರಿಸಿ ಹೊರಟುಬಿಡುತ್ತಿದ್ದರು. ಸಂಜೆ ಎಂದರೆ ಕೆಲಸ ಮುಗಿಯುವ ಹೊತ್ತು ಎಂದೇ ನಾನು ತಿಳಿದಿದ್ದೆ. ಮಕ್ಕಳಿರುವ ಮನೆಯಲ್ಲಿ ಕೆಲಸ ಶುರುವಾಗುವುದೇ ಸಂಜೆಗೆ ಎಂಬುದು ಗೊತ್ತಾದದ್ದು ಎರಡನೆಯ ಯಜಮಾನರ ಕೈಗೆ ಬಂದ ಮೇಲೆ.

ಗಣಪತರಾಯರು ವಯಸ್ಸಾಗಿ ಮಿರಜಿನ ಮಗಳ ಮನೆಗೆ ಹೊರಟಾಗ ನನ್ನನ್ನು ಈರಣ್ಣನಿಗೆ ಒಪ್ಪಿಸಿದರು. ಈರಣ್ಣ ಸ್ಕೂಟರು, ಬೈಕುಗಳಿಗೆ ಸೀಟಿನ ಕವರು ಹೊಲಿಯುವವನು. ಹಳೇ ಹುಬ್ಬಳ್ಳಿಯಲ್ಲಿ ರಸ್ತೆಗೆ ಮುಖಮಾಡಿದ ಮನೆ. ಮುಂದಿನ ಕೋಣೆಯೇ ಅಂಗಡಿ. ನನ್ನನ್ನು ಅಂಗಡಿಗೂ ನಡುಮನೆಗೂ ನಡುವಿನ ಬಾಗಿಲ ಬಳಿ ಇಟ್ಟರು. ಹೀಗಾಗಿ ಒಂದು ಕಿವಿ ಗಿರಾಕಿಗಳ ಕಡೆ, ಇನ್ನೊಂದು ಕಿವಿ ಅಡುಗೆಮನೆಯ ಕಡೆ.

ಈರಣ್ಣನ ಹೆಂಡತಿ ಶಶಿಕಲಾ ದೊಡ್ಡಾಸ್ಪತ್ರೆಯಲ್ಲಿ ನರ್ಸು. ಮಗಳು ಸಹನಾ ಐದನೆಯ ಇಯತ್ತೆ, ಹೆಸರಿನಲ್ಲಷ್ಟೇ ಸಹನೆ. ಮಗ ಮೃತ್ಯುಂಜಯ ಒಂದನೆಯ ಇಯತ್ತೆ; ಅಷ್ಟುದ್ದದ ಹೆಸರು ಕರೆಯಲು ಯಾರಿಗೂ ಪುರಸೊತ್ತಿಲ್ಲದ್ದರಿಂದ ಮನೆಯಲ್ಲಿ ಅವನು ಮುತ್ತು. ಮುತ್ತುವಿನ ತಲೆಯಲ್ಲಿ ಶಾಲೆಯ ಮಾತು ಉಳಿಯುತ್ತಿತ್ತು, ಇಲ್ಲವೆನ್ನುವಂತಿಲ್ಲ. ಆದರೆ ಹೊರಗೆ ಬರಬೇಕಾದ ಹೊತ್ತಿಗೆ ಬರುತ್ತಿರಲಿಲ್ಲ.

ಒಂದು ಮಧ್ಯಾಹ್ನ ಅವನು ಶಾಲೆಯಿಂದ ಬಂದವನೇ ಚೀಲ ಬಿಸಾಡಿ, ನನ್ನ ಹಲಗೆಯ ಕೆಳಗೆ ತೂರಿ, ಕಾಲುಮಣೆಯ ಮೇಲೆ ಮುದುರಿ ಕುಳಿತುಬಿಟ್ಟ. ಈರಣ್ಣ ಬಗ್ಗಿ ನೋಡಿದ.

"ಯಾಕೋ, ಏನಾತು?"

"ಎಲ್ಲಾರೂ ಹಳದಿ ಅಂಗಿ ಹಾಕ್ಕೊಂಡು ಬಂದಿದ್ರು. ನಾ ಒಬ್ಬನ ನೀಲಿ."

ಅಂದು ಶಾಲೆಯಲ್ಲಿ ಹಳದಿ ಬಣ್ಣದ ದಿನವಂತೆ, ತಿಳಿಸಿದ ಚೀಟಿ ಚೀಲದಲ್ಲೇ ಉಳಿದಿತ್ತಂತೆ. ಫೋಟೋ ತೆಗೆಯುವಾಗ ಟೀಚರು ಅವನನ್ನು ಹಿಂದಿನ ಸಾಲಿಗೆ ನಿಲ್ಲಿಸಿದ್ದರಂತೆ. ಅವನ ಕಣ್ಣೀರು ನನ್ನ ಕಬ್ಬಿಣದ ಜಾಲರಿಯ ಮೇಲೆ ಬಿತ್ತು. ಎಷ್ಟೋ ತಾಡಪಾಲು ಹೊಲಿದವನು ನಾನು. ಮಳೆನೀರು ತಡೆಯುವುದು ಗೊತ್ತಿತ್ತು, ಇದನ್ನು ತಡೆಯುವುದು ಗೊತ್ತಿರಲಿಲ್ಲ.

ಶಶಿಕಲಾ ಮನೆಗೆ ಬಂದ ಮೇಲೆ ಗಂಡ ಹೆಂಡಿರಿಗೆ ಮಾತಿಗೆ ಮಾತು ಬೆಳೆಯಿತು. "ದಿನಾ ಮನ್ಯಾಗ ಇರ್ತೀರಿ, ಅವನ ಚೀಲ ಒಂದಿಷ್ಟು ನೋಡಬಾರ್ದೇನ್ರಿ?" ಎಂದು ಆಕೆ. "ಮನ್ಯಾಗ ಇರ್ತೀನಿ, ಖಾಲಿ ಇರ್ತೀನೇನು? ನೀನರ ನೋಡಬೇಕಿತ್ತು" ಎಂದು ಈತ. ಇಬ್ಬರದೂ ನಿಜವೇ. ಆದರೆ ಎರಡು ನಿಜ ಸೇರಿದರೂ ಒಂದು ಹಳದಿ ಅಂಗಿ ಆಗಲಿಲ್ಲ.

ಮಳೆಗಾಲ ಕಳೆದು ಶಾಲೆಯ ಗ್ಯಾದರಿಂಗ್, ಅಂದರೆ ವಾರ್ಷಿಕೋತ್ಸವ, ಹತ್ತಿರ ಬಂತು. ಒಂದು ಸಂಜೆ ಈರಣ್ಣ ಯಾರದೋ ಬೈಕಿನ ಸೀಟು ಹೊಲಿಯುತ್ತಿದ್ದ. ಮುತ್ತು ಹೊಸ್ತಿಲ ಮೇಲೆ ಕೂತು ಚುರಮುರಿ ತಿನ್ನುತ್ತಿದ್ದವನು, ಮಳೆ ಬರುವಂತಿದೆ ಎನ್ನುವಷ್ಟೇ ಸಲೀಸಾಗಿ ಹೇಳಿದ:

"ಅಪ್ಪಾ, ನಾಳೆ ನಾ ಆಮಿ ಆಗಬೇಕಂತ."

ಕಾಲುಮಣೆಯ ಮೇಲಿನ ಕಾಲು ನಿಂತಿತು. "ಏನಾಗಬೇಕು?"

"ಆಮಿ. ಸ್ಟೇಜಿನ ಮ್ಯಾಲೆ. ಛದ್ಮವೇಷ."

"ಯಾವಾಗ ಹೇಳ್ಯಾರೋ?"

"ಹೋದ ವಾರ."

ಅಷ್ಟರಲ್ಲಿ ಶಶಿಕಲಾ ಬಸ್ಸಿಳಿದು ಬಂದಳು. ಈರಣ್ಣ ಮಗನ ಕಡೆ ಕೈತೋರಿಸಿದ. ಮುತ್ತು ಇನ್ನೊಮ್ಮೆ ಹೇಳಿದ. ಈ ಸಲ ದನಿ ಸಣ್ಣಗಾಗಿತ್ತು. ಅವಳ ಮುಖ ಕೆಂಪಾದದ್ದನ್ನು ನಾನು ಕಂಡೆ. ಇನ್ನೇನು ಜಗಳ ಶುರು ಎಂದುಕೊಂಡೆ. ಆಕೆ ಮಗನನ್ನು ಒಂದು ಗಳಿಗೆ ನೋಡಿದಳು. ಅವನು ಚುರಮುರಿಯ ತಟ್ಟೆ ಕೆಳಗಿಟ್ಟು, ಮೆಲ್ಲಗೆ ನನ್ನ ಹಲಗೆಯ ಕೆಳಗೆ ಸರಿಯತೊಡಗಿದ್ದ. ಶಶಿಕಲಾ ಬಚ್ಚಲಿಗೆ ಹೋಗಿ ಮುಖ ತೊಳೆದು, ಸೆರಗಿನಿಂದ ಒರೆಸಿಕೊಳ್ಳುತ್ತಾ ಬಂದಳು.

"ಬೈಯೋದು ನಾಳಿಗಿ ಇಟ್ಕೊಳ್ಳೂಣು. ಈಗ ಆಮಿ ಮಾಡೂಣು. ಹಸರು ರೆಕ್ಸಿನ್ ಐತೇನ್ರಿ?"

ಇತ್ತು. ಗಿಳಿಹಸಿರು ಸೀಟು ಬೇಕೆಂದು ಹಟ ಹಿಡಿದ ಗಿರಾಕಿಯೊಬ್ಬ, ತಂದು ತೋರಿಸಿದಾಗ ಬೇಡವೆಂದು ಹೋಗಿದ್ದ. ಆ ಸುರುಳಿ ಅಟ್ಟದಿಂದ ಇಳಿಯಿತು. ಈರಣ್ಣ ಹಳೆಯ ಸ್ಪಂಜು ಕತ್ತರಿಸಿ ಚಿಪ್ಪಿನ ಡುಬ್ಬ ಮಾಡಿದ. ಶಶಿಕಲಾ ಕಂದು ತುಂಡುಗಳನ್ನು ಚಿಪ್ಪಿನ ಗೆರೆಗಳಂತೆ ಕತ್ತರಿಸಿಕೊಟ್ಟಳು. ಸಹನಾ ತಮ್ಮನನ್ನು ಎದುರಿಗೆ ನಿಲ್ಲಿಸಿಕೊಂಡು ಮಾತು ಕಲಿಸತೊಡಗಿದಳು: "ನಾನು ಆಮೆ. ಮೆಲ್ಲಗೆ ನಡೆಯುತ್ತೇನೆ. ಆದರೆ ನಿಲ್ಲುವುದಿಲ್ಲ. ಹೇಳು."

"ನಾನು ಆಮಿ. ಮೆಲ್ಲಗ..."

"ಆಮಿ ಅಲ್ಲೋ, ಆಮೆ! ಸ್ಟೇಜಿನ ಮ್ಯಾಲೆ ಆಮೆ!"

ನಾನು ಹೊಲಿಯತೊಡಗಿದೆ. ರೆಕ್ಸಿನ್ನು, ಸ್ಪಂಜು, ಮತ್ತೆ ರೆಕ್ಸಿನ್ನು. ತಿರುವಿನಲ್ಲಿ ಮಡಿಕೆ ಮೇಲೆ ಮಡಿಕೆ ಬಂತು. ನಾನು ಬಲ ಕೂಡಿಸಿ ಸೂಜಿ ಇಳಿಸಿದೆ. ಟಕ್ಕೆಂದು ಮುರಿಯಿತು. ಮನೆಯಲ್ಲಿದ್ದ ದಪ್ಪ ಸೂಜಿ ಅದೊಂದೇ. ಈರಣ್ಣ ಸೈಕಲ್ ಹತ್ತಿ ಪೇಟೆಗೆ ಓಡಿದ. ಬೆವರು ಒರೆಸುತ್ತಾ ಬರಿಗೈಯಲ್ಲಿ ವಾಪಸಾದ. ಅಂಗಡಿಗಳ ಬಾಗಿಲು ಮುಚ್ಚಿದ್ದವು. ಅರ್ಧ ಚಿಪ್ಪು ನನ್ನ ತೋಳಿಗೆ ಜೋತುಬಿದ್ದಿತ್ತು. ಮುತ್ತು ಮತ್ತೆ ನನ್ನ ಹಲಗೆಯ ಕೆಳಗೆ ನೋಡತೊಡಗಿದ.

"ಮನ್ಯಾಗ ದಬ್ಬಣ ಐತಲ್ಲ, ತಗೊಂಡ್ ಬಾ" ಎಂದಳು ಶಶಿಕಲಾ ಮಗಳಿಗೆ. ಗೋಣಿಚೀಲದ ಬಾಯಿ ಹೊಲಿಯುವ ಆ ಉದ್ದನೆಯ ಸೂಜಿಗೆ ದಾರ ಪೋಣಿಸಿದಳು. "ದಿನಾ ಡಾಕ್ಟರು ಹೊಲಿಗಿ ಹಾಕೋದು ನೋಡ್ತೀನಿ. ಈ ಪೇಶಂಟ್ ನನಗ ಬಿಡ್ರಿ."

ಈರಣ್ಣ ಜೋರಾಗಿ ನಕ್ಕುಬಿಟ್ಟ. ಹಳದಿ ಅಂಗಿಯ ದಿನದಿಂದ ಈ ಮನೆಯಲ್ಲಿ ಅಂಥ ನಗು ಕೇಳಿರಲಿಲ್ಲ. ಅವನು ಇಕ್ಕಳದಿಂದ ಚಿಪ್ಪನ್ನು ಬಿಗಿಹಿಡಿದ, ಅವಳು ದಬ್ಬಣ ತೂರಿಸಿ ಎಳೆದಳು. ಹೊಲಿಗೆ ಒಂದು ಹಲ್ಲಿಯಷ್ಟು ಉದ್ದ, ಇನ್ನೊಂದು ಇರುವೆಯಷ್ಟು. ನನಗೆ ಮೊದಲು ಸಂಕಟವಾಯಿತು. ಆಮೇಲೆ ಆ ನಾಲ್ಕು ಕೈಗಳ ಓಟ ನೋಡುತ್ತಾ ಅದು ಮರೆತೇಹೋಯಿತು.

ಚಿಪ್ಪು ತೊಟ್ಟ ಮುತ್ತು ಅಡುಗೆಮನೆಯ ಬಾಗಿಲಲ್ಲಿ ಸಿಕ್ಕಿಕೊಂಡ. ಅಡ್ಡ ತಿರುಗಿಸಿ ಒಳಗೆ ದೂಡಿದರು. ತೆಗೆದಿಡು ಎಂದರೆ ಕೇಳಲಿಲ್ಲ. ಚಿಪ್ಪು ಹೊತ್ತುಕೊಂಡೇ ರೊಟ್ಟಿ ತಿಂದ.

ಮರುದಿನ ಶಾಲೆಯಲ್ಲಿ ಏನಾಯಿತೆಂದು ನಾನು ಕೇಳಿದ್ದು ಸಹನಾಳ ಬಾಯಿಂದ. ಅವಳು ಚಪ್ಪಲಿಯನ್ನೂ ಬಿಡದೆ ಹೇಳತೊಡಗಿದ್ದಳು. ಮುತ್ತು ಸ್ಟೇಜಿನ ಮೇಲೆ ಎಷ್ಟು ಮೆಲ್ಲಗೆ ನಡೆದನೆಂದರೆ, ಪರದೆಯ ಹಿಂದಿನಿಂದ ಟೀಚರು "ಜಲ್ದಿ ಬಾರೋ" ಎಂದು ಕರೆದರಂತೆ. ಇವನು ನಿಂತು, ಅವರ ಕಡೆ ಕತ್ತು ಹೊರಳಿಸಿ, ಮೈಕಿಗೆ ಕೇಳುವಂತೆ ಹೇಳಿದನಂತೆ:

"ಟೀಚರ್, ಆಮಿ ಜಲ್ದಿ ಬರಂಗಿಲ್ರಿ."

ಮಂಟಪವೆಲ್ಲ ನಗು. ಆಮೇಲೆ ನಮಸ್ಕಾರ ಮಾಡಲು ಹೋಗಿ ಹಿಂದಕ್ಕೆ ಉರುಳಿ, ಕಾಲು ಮೇಲೆ ಮಾಡಿ ಬಿದ್ದನಂತೆ. ಒಂದು ಮೊಲ, ಒಬ್ಬ ಪೊಲೀಸು, ಒಂದು ಟೊಮೆಟೊ ಸೇರಿ ಎತ್ತಿ ನಿಲ್ಲಿಸಿದರಂತೆ. ಬಹುಮಾನ ಟೊಮೆಟೊಗೆ ಹೋಯಿತು. ಮುತ್ತುವಿಗೆ ಅದರ ಪರಿವೆಯೇ ಇರಲಿಲ್ಲ. "ಈ ಸಲ ಫೋಟೋದಾಗ ನಾ ಮುಂದ ಇದ್ದೆ!" ಎಂದು ಕುಣಿದ.

ಬೈಯುವುದನ್ನು ನಾಳೆಗೆ ಇಟ್ಟುಕೊಂಡಿದ್ದರಲ್ಲ, ಆ ನಾಳೆ ಬಂದಾಗ ಬೈಯಲು ಯಾರಿಗೂ ಮನಸ್ಸಾಗಲಿಲ್ಲ. ಶಶಿಕಲಾ ಚಹಾ ಕುಡಿಯುತ್ತಾ ಅಂದಳು: "ಇನ್ನ ಮ್ಯಾಲೆ ಪ್ಯಾಟಿ ಬಾಗಲಾ ಮುಚ್ಚೋದ್ರಾಗ ಚೀಲದ ಬಾಯಿ ತೆರೀಬೇಕು. ನಾ ಇದ್ರ ನಾ, ಇಲ್ಲಂದ್ರ ನೀವು. ಯಾರು ನೋಡಬೇಕಿತ್ತು ಅನ್ನೋ ಮಾತ ಬ್ಯಾಡ."

ಅಂದಿನಿಂದ ಸಂಜೆಯ ಚಹಾದ ಹೊತ್ತಿಗೆ ನನ್ನ ಹಲಗೆಯ ಮೇಲಿನ ರೆಕ್ಸಿನ್ನು ಪಕ್ಕಕ್ಕೆ ಸರಿಯುತ್ತಿತ್ತು, ಎರಡು ಚೀಲಗಳು ಬಂದು ಬೋರಲಾಗುತ್ತಿದ್ದವು. ಅವುಗಳಿಂದ ಏನೇನು ಬೀಳುತ್ತಿತ್ತು! ಅರ್ಧ ತಿಂದ ಪೇರಲ, ಬೇರೆ ಯಾರದೋ ಕಾಲುಚೀಲ, ಹುಣಸೆಬೀಜ, ಒಮ್ಮೆ ಜೀವಂತ ಬಸವನಹುಳು. ನಾಳೆಗೆ ಏನು ಬೇಕೆಂದು ಮಕ್ಕಳು ಹೇಳಬೇಕು. ಗುಂಡಿ, ಬೂಟು ಈರಣ್ಣನಿಗೆ. ಪುಸ್ತಕ, ಡಬ್ಬಿ ಶಶಿಕಲಾಳಿಗೆ. ಪೆನ್ಸಿಲು ಚೂಪು ಮಾಡುವುದು ಮುತ್ತುವಿಗೆ. ಶಶಿಕಲಾಳಿಗೆ ರಾತ್ರಿಪಾಳಿ ಇದ್ದ ದಿನ ಈರಣ್ಣನೇ ಎಲ್ಲ ನಿಭಾಯಿಸುತ್ತಿದ್ದ. ಒಮ್ಮೆ ಡಬ್ಬಿಗಳು ಅದಲು ಬದಲಾಗಿ, ಸಹನಾಳಿಗೆ ಮುತ್ತುವಿನ ಸಕ್ಕರೆ ಚಪಾತಿ ಹೋಯಿತು. ಅವಳು ಅದನ್ನು ಬಹಳ ದಿನ ಎತ್ತಿ ಆಡಿದಳು. ಆದರೂ ನನ್ನ ಹಲಗೆಯ ಕೆಳಗೆ ಅಡಗಲು ಮತ್ತೆ ಯಾರೂ ಬರಲಿಲ್ಲ.

ಮಕ್ಕಳು ಬೆಳೆದರು. ಈರಣ್ಣ ದೊಡ್ಡ ರಸ್ತೆಯಲ್ಲಿ ಮಳಿಗೆ ಹಿಡಿದು, ಕರೆಂಟಿನ ಮಷಿನ್ನು ತಂದ. ನನ್ನನ್ನು ಹಿತ್ತಲ ಪಡಸಾಲೆಗೆ ಸರಿಸಿದರು. ಬೆಲ್ಟು ಸಡಿಲಾಯಿತು, ಹೊಟ್ಟೆಯ ಮೇಲಿನ ಬಂಗಾರದ ಬಳ್ಳಿ ಅಳಿಸಿಹೋಯಿತು. ನನ್ನ ಮೇಲೀಗ ತುಳಸಿಗೆ ನೀರೆರೆಯುವ ತಂಬಿಗೆ ಕೂರುತ್ತದೆ. ಬೇಸರವೇನಿಲ್ಲ. ಬಿಸಿಲು ಬೀಳುವ ಜಾಗ.

ಮೊನ್ನೆ ಸಂಜೆ ಮಹಡಿಯ ಮನೆಗೆ ಬಾಡಿಗೆಗೆ ಬಂದಿರುವ ತೌಸೀಫ್ ಕೆಳಗಿಳಿದು ಬಂದ. ಕಾಲೇಜಿನಲ್ಲಿ ಪಾಠ ಹೇಳುವವನು. ಹೆಂಡತಿ ಕೆಲಸದ ತರಬೇತಿಗೆಂದು ಬೇರೆ ಊರಿಗೆ ಹೋಗಿದ್ದಳು. ಒಂದು ಕೈಯಲ್ಲಿ ಪುಟ್ಟ ಮಗಳು ರಿದಾ, ಇನ್ನೊಂದು ಕೈಯಲ್ಲಿ ಅಂಚು ಬಿಚ್ಚಿದ ಅವಳ ಯೂನಿಫಾರ್ಮಿನ ಲಂಗ.

"ಆಂಟಿ, ನಾಳೆ ಈಕಿ ಪ್ರಾರ್ಥನಾ ಹೇಳಬೇಕಂತ್ರಿ, ಎಲ್ಲಾರ ಮುಂದ. ಈಗ ಹೇಳ್ಯಾಳ್ರಿ. ಟೇಲರ್ ಅಂಗಡಿ ಬಂದ್ ಆಗ್ಯಾವು."

ಶಶಿಕಲಾ ಕನ್ನಡಕ ಏರಿಸಿ ಲಂಗ ನೋಡಿದಳು. ಹೊಲಿದುಕೊಡುವುದು ಆಕೆಗೆ ಕಷ್ಟವಿರಲಿಲ್ಲ. ಆಕೆ ತಂಬಿಗೆ ಎತ್ತಿಟ್ಟು, ನನ್ನ ಧೂಳು ಒರೆಸಿ, ಸಣ್ಣ ಸೂಜಿ ಹಾಕಿ, ಎಣ್ಣೆ ಬಿಟ್ಟಳು. ಆಮೇಲೆ ಸ್ಟೂಲನ್ನು ಅವನ ಕಡೆ ತಳ್ಳಿದಳು.

"ಕುಂದರಪಾ. ನಾ ಹೇಳ್ತೀನಿ, ನೀ ಹೊಲಿ."

ತೌಸೀಫ್ ಹೆದರುತ್ತ ಕಾಲಿಟ್ಟ. ಗಾಲಿ ಮೊದಲು ಹಿಂದಕ್ಕೆ ತಿರುಗಿತು, ದಾರ ಹರಿಯಿತು. ಮತ್ತೆ ಪೋಣಿಸಿದ. ನನ್ನ ಕೀಲುಗಳು ಕಿರುಗುಟ್ಟಿದವು, ಆದರೂ ಎಳೆದೆ. ಮೆಲ್ಲಗೆ, ತಪ್ಪುತ್ತಾ, ತಡವರಿಸುತ್ತಾ ಅಂಚು ಸುತ್ತಿ ಬಂತು. ರಿದಾ ಲಂಗ ಹಿಡಿದು ನೋಡಿ, ಅಪ್ಪನ ಕಡೆ ತಿರುಗಿದಳು.

"ಅಬ್ಬಾ, ಡೊಂಕ ಆಗೇತಿ."

"ಹೌದವ್ವ" ಎಂದ ಅವನು, ಮುಖ ಸಣ್ಣದು ಮಾಡಿ.

ಅವಳು ಅದನ್ನು ತೊಟ್ಟ ಬಟ್ಟೆಯ ಮೇಲೆಯೇ ಸುತ್ತಿಕೊಂಡು ಒಂದು ಸುತ್ತು ತಿರುಗಿದಳು. ನಿಂತು, ಕೈಕಟ್ಟಿ, ಗಂಟಲು ಸರಿಮಾಡಿಕೊಂಡು ನಾಳೆಯ ಪ್ರಾರ್ಥನೆಯನ್ನು ಹಿತ್ತಲಿಗೆಲ್ಲ ಕೇಳುವಂತೆ ಹಾಡಿದಳು.

ನಾನು ಬಾಳಿನುದ್ದಕ್ಕೂ ನೆಟ್ಟನೆಯ ಹೊಲಿಗೆ ಹಾಕಿದವನು. ಆ ತಾಡಪಾಲುಗಳು ಎಲ್ಲಿ ಹರಿದವೋ, ಆ ಸೀಟುಗಳು ಯಾವ ಗುಜರಿಗೆ ಬಿದ್ದವೋ ತಿಳಿಯದು. ಮನೆಯವರು ಸಂಜೆಯ ಅವಸರದಲ್ಲಿ ಹಾಕುವ ಹೊಲಿಗೆ ಡೊಂಕೇ ಇರುತ್ತದೆ. ಬೆಳಿಗ್ಗೆ ಅದನ್ನು ತೊಟ್ಟ ಮಗು ಮಾತ್ರ ನೆಟ್ಟಗೆ ನಡೆದು ಹೋಗುತ್ತದೆ.