ಟೇಪಿನಲ್ಲಿ ಉಳಿದ ಅಳು

ಸ್ಪೀಕರಿನ ವೈರನ್ನು ಮಗಳು ಎರಡನೇ ಸಲ ಕಿತ್ತಳು.

"ಯಾಕಮ್ಮ, ಸಣ್ಣ ಮಕ್ಕಳ ಥರ," ಎಂದರು ನಿರ್ದೇಶಕರು. ಅವರ ಆರು ಸಿನಿಮಾಗಳಿಗೂ ಸಂಗೀತ, ಸದ್ದು ಎರಡೂ ಅಪ್ಪನದೇ. ಅಪ್ಪ ಈಗ ನಡುಮನೆಯಲ್ಲಿ ಹೆಣವಾಗಿ ಮಲಗಿದ್ದ. "ಇಷ್ಟು ಜನ ಬಂದಿದ್ದಾರೆ. ಹೊರಡೋ ಮುಂಚೆ ಅವರ ಕೆಲಸ ಒಂದ್ಸಲ ಕೇಳಿಸಿಬಿಡೋಣ."

"ಬೇರೆ ಏನಾದ್ರೂ ಹಾಕಿ ಸರ್. ಡ್ಯೂಯೆಟ್ಟು ಬೇಕಾದ್ರೂ ಹಾಕಿ. ಅದೊಂದು ಬೇಡ."

"ಪ್ರಶಸ್ತಿ ಬಂದಿದ್ದೇ ಅದಕ್ಕಲ್ವೇನಮ್ಮ? ವಾದ್ಯ ಎಲ್ಲಾ ನಿಲ್ಲಿಸಿ ಬರೀ ಒಂದು ಮಗು ಅಳು. ಎಲ್ಲಿಂದ ತಂದ್ಯೋ ಅಂತ ಎಷ್ಟು ಕೇಳಿದ್ರೂ ಬಾಯಿ ಬಿಡ್ಲಿಲ್ಲ ಮಹಾರಾಯ."

"ನಮ್ಮಣ್ಣ ಹಾಗೇನೇ," ಎಂದಳು ಸೋದರತ್ತೆ, ಮೂಗು ಒರೆಸಿಕೊಳ್ಳುತ್ತ. "ಮನೇಲಿ ಚಮಚ ಬಿದ್ರೂ ಇನ್ನೊಂದ್ಸಲ ಬೀಳಿಸು ಅನ್ನೋನು. ಹಾಕ್ಲಿ ಬಿಡೇ. ನೀನಂತೂ ಬೆಳಗ್ಗಿಂದ ಒಂದು ಹನಿ ಕಣ್ಣೀರು ಹಾಕಿಲ್ಲ, ಅದಾದ್ರೂ ಅಳಲಿ."

"ಅಮ್ಮ ಒಳಗಿದ್ದಾಳೆ ಅತ್ತೆ. ಅವಳಿಗೆ ಕೇಳಿಸಬಾರದು."

"ಕೇಳಿದ್ರೇನೀಗ? ಗಂಡನ ಕೆಲಸ ತಾನೇ."

*

ಆಗ ಮಗಳಿಗೆ ಐದು ವರ್ಷ. ಅಪ್ಪ ಬಾಗಿಲಿನ ಕಿರ್ರೆನ್ನುವ ಸದ್ದು ಹಿಡಿಯುತ್ತಿದ್ದ. ತೆಗೆಯುವುದು, ಮುಚ್ಚುವುದು, ಮತ್ತೆ ತೆಗೆಯುವುದು. ಇಪ್ಪತ್ತನೇ ಸಲವೋ ಏನೋ, ಸಂದಿನಲ್ಲಿ ಅವಳ ಬೆರಳಿತ್ತು.

ಅಪ್ಪ ಬಾಗಿಲು ಬಿಟ್ಟ, ಮೈಕು ಬಿಡಲಿಲ್ಲ. ಮಂಡಿಯೂರಿ ಅದನ್ನು ಅವಳ ಬಾಯಿಯ ಹತ್ತಿರ ಹಿಡಿದ. ಓಡಿಬಂದ ಅಮ್ಮನಿಗೆ ಇನ್ನೊಂದು ಕೈ ಅಡ್ಡ ಚಾಚಿದ. ಅಮ್ಮ ನಿಂತಳು. ಗಂಡನ ಕೆಲಸ ಕೆಡಬಾರದೆಂದು ಉಸಿರು ಬಿಗಿಹಿಡಿದು ನಿಂತಳು.

ಆಸ್ಪತ್ರೆಯಿಂದ ಬಂದ ಮೇಲೆ ಒಂದು ವಾರ ಅಮ್ಮ ಅಪ್ಪನ ಜೊತೆ ಮಾತಾಡಲಿಲ್ಲ. "ಅಳಿಸಿಹಾಕಿದೀನಿ ಕಣೆ, ನಿನ್ನಾಣೆ," ಎಂದ ಅಪ್ಪ. ಅಮ್ಮ ನಂಬಿದಳು. ನಂಬಿದ್ದಕ್ಕೇ ಆ ಮನೆಯಲ್ಲಿ ಉಳಿದಳು.

ಹದಿನಾರನೇ ವಯಸ್ಸಿನಲ್ಲಿ ಮಗಳು ಗೆಳತಿಯರ ಜೊತೆ ಥಿಯೇಟರಿನಲ್ಲಿ ಕೂತು ತನ್ನ ಅಳು ಕೇಳಿದಳು. ಪಕ್ಕದವಳು ಕರ್ಚೀಫು ತೆಗೆದಳು. ಮಗಳು ಮನೆಗೆ ಬಂದು ಅಮ್ಮನಿಗೆ, "ಬೋರು ಕಣಮ್ಮ, ಹೋಗ್ಬೇಡ," ಎಂದಳು. ಆಮೇಲೆ ಅದು ಟಿವಿಯಲ್ಲಿ ಬಂದಾಗಲೆಲ್ಲ ಚಾನೆಲ್ ಬದಲಿಸಿದಳು. ಅಪ್ಪ ಒಮ್ಮೆಯೂ ಯಾಕೆಂದು ಕೇಳಲಿಲ್ಲ.

*

"ಗಾಡಿ ಬಂತು, ಸಹಿ ಬೇಕಂತೆ," ಎಂದು ಯಾರೋ ಹೊರಗಿನಿಂದ ಕರೆದರು. ಮಗಳು ಸಹಿ ಹಾಕಿ ತಿರುಗುವಷ್ಟರಲ್ಲಿ ನಿರ್ದೇಶಕರೇ ವೈರು ಸಿಕ್ಕಿಸಿದ್ದರು.

ಅಳು ನಡುಮನೆಯ ತುಂಬ ತುಂಬಿಕೊಂಡಿತು. ನಿರ್ದೇಶಕರು ಕಣ್ಣು ಮುಚ್ಚಿದರು. ಅತ್ತೆ ಗೊಳೋ ಎಂದಳು.

ಒಳಗಿನಿಂದ ಅಮ್ಮ ಓಡಿ ಬಂದಳು. ಬೆಳಗ್ಗೆ ಇಬ್ಬರು ಹಿಡಿದುಕೊಂಡು ನಡೆಸಿದ್ದ ಅಮ್ಮ. "ದಾರಿ ಬಿಡ್ರಿ," ಎನ್ನುತ್ತ ಜನರನ್ನು ತಳ್ಳಿ, ಮಲಗಿದ್ದವನ ಕಾಲು ದಾಟಿಕೊಂಡೇ ಬಂದಳು. ಕೆಳಗೆ ನೋಡಲಿಲ್ಲ. ಕೂದಲು ನರೆಯತೊಡಗಿದ್ದ ಮಗಳ ಎರಡೂ ಕೈ ಹಿಡಿದು, ಕಿಟಕಿಯ ಬೆಳಕಿಗೆ ತಿರುಗಿಸಿ, ಒಂದೊಂದೇ ಬೆರಳನ್ನು ಮಡಚಿ ಬಿಡಿಸಿ ನೋಡತೊಡಗಿದಳು.